ಪಿತ್ತಕೋಶದ ಶಸ್ತ್ರಕ್ರಿಯೆ: ನಮ್ಮ ಮನೆಯ ಅನುಭವ

ನಮ್ಮ ತ್ರೈಮಾಸಿಕದಲ್ಲಿ ಆರೋಗ್ಯದ ವಿಷಯವನ್ನು ವೈದ್ಯರು ಬರೆಯುವುದು ವಾಡಿಕೆ. ನಾವು ವೈದ್ಯರಲ್ಲ. ಕಾಶಿಯಲ್ಲಿ ಕೇಂದ್ರ ಸರ್ಕಾರದ ಕಛೇರಿಯೊಂದರಲ್ಲಿ ಗುಮಾಸ್ತೆಯ ಕೆಲಸ ಮಾಡಿಕೊಂಡು, ಜಂಗಮವಾಡಿಯ ಗಲ್ಲಿಯೊಂದರಲ್ಲಿ ಬಾಡಿಗೆಯ ಮನೆ ಹಿಡಿದು ಸಂಸಾರ ನಡೆಸುತ್ತಿರುವವರು. ೨೦೨೪ರಲ್ಲಿ ನಮ್ಮ ತಾಯಿಯವರ ಪಿತ್ತಕೋಶವನ್ನು ಶಸ್ತ್ರಕ್ರಿಯೆಯಿಂದ ತೆಗೆಸಬೇಕಾಗಿ ಬಂದಿತು. ಅದಕ್ಕೆ ಮೊದಲು ಎಂಟು ತಿಂಗಳ ಕಾಲ ನಾವು ಮಾಡಿದ ತಪ್ಪು ಒಂದು, ಅದಾದ ಮೇಲೆ ಮಾಡಿದ ತಪ್ಪು ಇನ್ನೊಂದು. ಎರಡನ್ನೂ ಮುಚ್ಚುಮರೆಯಿಲ್ಲದೆ ಬರೆದರೆ ಬೇರೆ ಮನೆಗಳಿಗೆ ಉಪಯೋಗವಾದೀತೆಂದು ಸಂಘದ ಹಿರಿಯರೊಬ್ಬರು ಒತ್ತಾಯಿಸಿದ್ದರಿಂದ ಲೇಖನಿ ಹಿಡಿದಿದ್ದೇವೆ.

ಜಂಗಮವಾಡಿ ವಾಚಕರಲ್ಲಿ ಹಲವರಿಗೆ ಗೊತ್ತಿರುವ ಸ್ಥಳವೇ. ಗೋದೌಲಿಯಾ ಚೌಕದಿಂದ ಮದನಪುರದ ಕಡೆಗೆ ನಡೆದರೆ ಸಿಕ್ಕುವ ಮಠದ ಹೆಸರೇ ಸುತ್ತಲಿನ ಮೊಹಲ್ಲೆಗೂ ಬಂದಿದೆ. ವಿಜಯಪುರ, ಕಲಬುರಗಿ, ಬೀದರ, ಸೊಲ್ಲಾಪುರದ ಕಡೆಯ ಯಾತ್ರಿಕರು ವರ್ಷದುದ್ದಕ್ಕೂ ಬಂದುಹೋಗುತ್ತಿರುತ್ತಾರೆ. ತಂದೆಯವರು ತೀರಿಕೊಂಡ ಮೇಲೆ ತಾಯಿ ಊರು ಬಿಟ್ಟು ನಮ್ಮೊಡನಿರಲು ಒಪ್ಪಿದ್ದು ಮುಖ್ಯವಾಗಿ ಇದೇ ಕಾರಣಕ್ಕೆ: ಬಾಗಿಲಲ್ಲಿ ನಿಂತರೆ ದಿನಕ್ಕೊಮ್ಮೆಯಾದರೂ ಕನ್ನಡ ಕಿವಿಗೆ ಬೀಳುತ್ತದೆ. ಹಿಂದಿ ಅವರಿಗೆ ತರಕಾರಿ ಕೊಳ್ಳುವಷ್ಟು ಬರುತ್ತದೆ. ಹೊಟ್ಟೆನೋವನ್ನು ವಿವರಿಸುವಷ್ಟು ಬರುವುದಿಲ್ಲ.

ಮೊದಲ ತಪ್ಪು ಅಲ್ಲಿಂದಲೇ ಹುಟ್ಟಿತು. ೨೦೨೩ರ ಬೇಸಗೆಯಲ್ಲಿ ಒಂದು ರಾತ್ರಿ ತಾಯಿ, “ತಮ್ಮಾ, ಎದಿಗುಂಡಿಗಿ ಕೆಳಗ ಹಿಂಡಿದಂಗ ಆಗಾಕತ್ತೈತಿ. ಬೆನ್ನಾಗ ಹೊಕ್ಕು ಬಲ ಹೆಗಲಿಗಿ ಏರತೈತಿ” ಎಂದರು. ಆ ಸಂಜೆ ಪಕ್ಕದ ಮನೆಯ ಮದುವೆಯ ಪೂರಿ, ಕಚೌಡಿ ತಿಂದಿದ್ದರು. ಬೆಳಿಗ್ಗೆ ಗಲ್ಲಿಯ ತುದಿಯ ವೈದ್ಯರಲ್ಲಿಗೆ ಕರೆದೊಯ್ದೆವು. “ಏನಾಗುತ್ತದೆ?” ಎಂದು ಅವರು ಹಿಂದಿಯಲ್ಲಿ ಕೇಳಿದಾಗ, ತಾಯಿಯ ಪರವಾಗಿ ನಾವು ಕೊಟ್ಟ ಉತ್ತರ ಎರಡೇ ಶಬ್ದ: “ಗ್ಯಾಸ್ ಹೈ.” ಅವರು ಅದಕ್ಕೆ ತಕ್ಕ ಗುಳಿಗೆ ಬರೆದರು. ಅದರಲ್ಲಿ ಅವರ ತಪ್ಪೇನೂ ಇಲ್ಲ. ಇಂಥ ನೋವು ಒಂದೆರಡು ಗಂಟೆಯಲ್ಲಿ ತಾನಾಗಿಯೇ ಇಳಿಯುವ ಜಾತಿಯದು. ಅದು ಇಳಿಯಿತು, ಕೀರ್ತಿ ಗುಳಿಗೆಗೆ ಸಂದಿತು.

ಹೀಗೆ ಎಂಟು ತಿಂಗಳು ನಡೆಯಿತು. ತಿಂಗಳಿಗೊಮ್ಮೆ, ಆಮೇಲೆ ಹದಿನೈದು ದಿನಕ್ಕೊಮ್ಮೆ. ಸೋಮವಾರ ಇಡೀ ದಿನ ಉಪವಾಸವಿದ್ದು ರಾತ್ರಿ ಏನಾದರೂ ಕರಿದದ್ದು ತಿಂದರೆ ನಡುರಾತ್ರಿಗೆ ನೋವು ಖಂಡಿತ. ನಮ್ಮ ಕಛೇರಿಯಲ್ಲಿ ಅರ್ಜಿಯ ಒಂದು ಸಾಲನ್ನು ತಪ್ಪಾಗಿ ಟಿಪ್ಪಣಿ ಮಾಡಿದರೆ ಮೇಲಧಿಕಾರಿಗಳು ಕಡತವನ್ನೇ ಹಿಂದಿರುಗಿಸುತ್ತಾರೆ. ತಾಯಿಯ ಮಾತಿನಲ್ಲಿ ಮೂರು ಸ್ಪಷ್ಟ ವಿವರಗಳಿದ್ದವು: ಎದೆಗುಂಡಿಗೆಯ ಕೆಳಗೆ ಹಿಂಡುವುದು, ಬೆನ್ನಿಗೆ ಹೊಕ್ಕು ಬಲಹೆಗಲಿಗೆ ಏರುವುದು, ಜಿಡ್ಡಿನ ಊಟದ ಮೇಲೆ ರಾತ್ರಿ ಬರುವುದು. ಪಿತ್ತಕೋಶದ ನೋವಿನ ವರ್ಣನೆ ವೈದ್ಯಗ್ರಂಥಗಳಲ್ಲಿ ಹೆಚ್ಚು ಕಡಿಮೆ ಹೀಗೆಯೇ ಇರುತ್ತದೆಯಂತೆ. ಓದುಬರಹ ಬಾರದ ಹೆಂಗಸು ಅದನ್ನು ನೆಟ್ಟಗೆ ಹೇಳಿದ್ದಳು, ಬಿ.ಎ. ಓದಿದ ಮಗ ಅದನ್ನು ಸಂಕ್ಷೇಪಗೊಳಿಸಿ ಕೆಡಿಸಿದ್ದ.

೨೦೨೪ರ ಜನವರಿಯ ಒಂದು ರಾತ್ರಿ ನೋವು ಬಂದದ್ದು ಇಳಿಯಲಿಲ್ಲ. ವಾಂತಿಯಾಯಿತು, ಬೆಳಗಿನ ಜಾವಕ್ಕೆ ಜ್ವರ ಏರಿತು. “ಇನ್ನೂ ಗುಳಿಗೆ ಹುಡುಕ್ತೀರೇನು? ರಿಕ್ಷಾ ತರ್ರಿ” ಎಂದು ನಮ್ಮ ಮನೆಯವರು ಗದರಿದ ಮೇಲೆ ಆಸ್ಪತ್ರೆಗೆ ಹೊರಟೆವು. ಅಲ್ಲಿಯ ಡಾಕ್ಟರರು ಬಲ ಪಕ್ಕೆಲುಬಿನ ಕೆಳಗೆ ಬೆರಳಿಟ್ಟು ಒತ್ತಿ, ಉಸಿರನ್ನು ಜೋರಾಗಿ ಎಳೆದುಕೊಳ್ಳಲು ಹೇಳಿದರು. ಅರ್ಧ ಎಳೆಯುವುದರೊಳಗೆ ತಾಯಿಯ ಉಸಿರು ಗಕ್ಕನೆ ನಿಂತಿತು. ಪಿತ್ತಕೋಶ ಊದಿಕೊಂಡಿರುವುದಕ್ಕೆ ಇದೊಂದು ಹಳೆಯ ಪರೀಕ್ಷೆ. ಅಮೆರಿಕದ ಶಸ್ತ್ರವೈದ್ಯ ಮರ್ಫಿಯ ಹೆಸರಿನಿಂದ ಇಂದಿಗೂ ಕರೆಯುತ್ತಾರೆ. ಅನಂತರ ಅಲ್ಟ್ರಾಸೌಂಡಿನಲ್ಲಿ ಚಿತ್ರ ತೆಗೆದರು: ಪಿತ್ತಕೋಶದ ತುಂಬ ಕಲ್ಲುಗಳು, ದೊಡ್ಡದು ೧೪ ಮಿಲಿಮೀಟರು, ಚೀಲದ ಗೋಡೆ ದಪ್ಪಗಾಗಿದೆ. ನೋವಿಲ್ಲದ, ಸೂಜಿಯಿಲ್ಲದ, ಹತ್ತು ನಿಮಿಷದ ಈ ಪರೀಕ್ಷೆಯನ್ನು ಎಂಟು ತಿಂಗಳ ಹಿಂದೆಯೇ ಮಾಡಿಸಬಹುದಾಗಿದ್ದಿತು.

ಇಂಥ ಸಂದರ್ಭದಲ್ಲಿ ಅದೇ ಭರ್ತಿಯಲ್ಲಿಯೇ, ಕೆಲವು ದಿನಗಳೊಳಗೆ ಶಸ್ತ್ರಕ್ರಿಯೆ ಮಾಡುವುದು ಒಳ್ಳೆಯದೆಂಬುದು ಈಗಿನ ವೈದ್ಯರ ಸಾಮಾನ್ಯ ಅಭಿಪ್ರಾಯ. ನಮ್ಮ ತಾಯಿಗೆ ರಕ್ತದ ಸಕ್ಕರೆ ಹತೋಟಿ ಮೀರಿದ್ದುದರಿಂದ, ಔಷಧದಿಂದ ಸೋಂಕನ್ನು ಇಳಿಸಿ, ಸಕ್ಕರೆಯನ್ನು ಸರಿಪಡಿಸಿಕೊಂಡು ಆರು ವಾರದ ಮೇಲೆ ಬರಲು ಹೇಳಿದರು. ಆ ಆರು ವಾರ ನಮ್ಮ ಮನೆಗೆ ಬಂದ ಸಲಹೆಗಳಿಗೆ ಲೆಕ್ಕವಿಲ್ಲ.

ಅವನ್ನು ಹೇಳುವ ಮೊದಲು ಈ ಚೀಲದ ಕೆಲಸವೇನೆಂದು ಎರಡು ಮಾತು. ಪಿತ್ತರಸವನ್ನು ತಯಾರಿಸುವುದು ಪಿತ್ತಕೋಶವಲ್ಲ, ಯಕೃತ್ತು. ದಿನವೊಂದಕ್ಕೆ ಅರ್ಧ ಲೀಟರಿನಿಂದ ಒಂದು ಲೀಟರಿನವರೆಗೆ ಅದು ತಯಾರಾಗುತ್ತದೆ. ಯಕೃತ್ತಿನ ಅಡಿಗೆ ಅಂಟಿಕೊಂಡಿರುವ, ಸಣ್ಣ ಬದನೆಕಾಯಿಯ ಆಕಾರದ, ೭ರಿಂದ ೧೦ ಸೆಂಟಿಮೀಟರು ಉದ್ದದ ಪಿತ್ತಕೋಶ ಅದರಲ್ಲಿ ಸ್ವಲ್ಪವನ್ನು ಕೂಡಿಟ್ಟುಕೊಳ್ಳುತ್ತದೆ, ನೀರಿನಂಶವನ್ನು ಹೀರಿ ಗಟ್ಟಿಮಾಡುತ್ತದೆ. ಹಿಡಿಸುವುದು ಬಹಳವಾದರೆ ೫೦ ಮಿಲಿಲೀಟರು. ಎಣ್ಣೆ ತುಪ್ಪದ ಪದಾರ್ಥ ಕರುಳಿಗೆ ಇಳಿದಾಗ ಅಲ್ಲಿಂದ ರಕ್ತದ ಮೂಲಕ ಒಂದು ಸೂಚನೆ ಬರುತ್ತದೆ. ಚೀಲ ಮುದುಡಿ ರಸವನ್ನು ಕರುಳಿಗೆ ನೂಕುತ್ತದೆ. ಬಾಯಿಗೆ ಕಲ್ಲು ಅಡ್ಡ ಬಂದಿದ್ದರೆ ಮುದುಡಿದಾಗಲೆಲ್ಲ ನೋವು. ಕಲ್ಲು ಜರುಗಿದರೆ ನೋವು ನಿಲ್ಲುತ್ತದೆ. ಪೂರಿ ತಿಂದ ರಾತ್ರಿಯ ನೋವಿಗೂ, ಅದು ತಾನಾಗಿ ಇಳಿದುದಕ್ಕೂ ಕಾರಣ ಇಷ್ಟೆ.

ಕಲ್ಲು ಕಟ್ಟುವುದು ಹೆಚ್ಚಾಗಿ ರಸದಲ್ಲಿ ಕೊಲೆಸ್ಟರಾಲು ಕರಗುವ ಮಿತಿಯನ್ನು ಮೀರಿದಾಗ, ಮತ್ತು ಚೀಲ ಸರಿಯಾಗಿ ಬರಿದಾಗದೆ ರಸ ನಿಂತಲ್ಲೇ ನಿಂತಾಗ. ಹೆಂಗಸರಲ್ಲಿ ಇದು ಗಂಡಸರಿಗಿಂತ ಹೆಚ್ಚು. ಹಲವು ಹೆರಿಗೆ, ಸ್ಥೂಲಕಾಯ, ಸಕ್ಕರೆರೋಗ, ದಿನಗಟ್ಟಲೆ ಉಪವಾಸ, ತೂಕವನ್ನು ಅವಸರದಿಂದ ಇಳಿಸುವುದು, ಇವೆಲ್ಲ ಅದಕ್ಕೆ ನೆರವಾಗುತ್ತವೆ.

ಈಗ ಸಲಹೆಗಳು. ಊರಿನಿಂದ ಫೋನು ಮಾಡಿದವರೆಲ್ಲ ಬಾಳೆದಿಂಡಿನ ರಸ, ಹುರುಳಿಯ ಕಟ್ಟು ಕುಡಿಸಲು ಹೇಳಿದರು. ಅವರು ಹೇಳುತ್ತಿದ್ದುದು ಮೂತ್ರಪಿಂಡದ ಕಲ್ಲಿಗೆ. ಎರಡೂ ಕಲ್ಲೇ ಆದರೂ ಒಂದರ ದಾರಿ ಇನ್ನೊಂದಕ್ಕಿಲ್ಲ. ಕಾಶಿರಾಜ ದಿವೋದಾಸ ಧನ್ವಂತರಿಯ ಶಿಷ್ಯನೆಂದು ಪ್ರಸಿದ್ಧನಾದ ಸುಶ್ರುತನು ವರ್ಣಿಸಿರುವ ಅಶ್ಮರಿಯ ಶಸ್ತ್ರಕ್ರಿಯೆಯೂ ಮೂತ್ರಾಶಯದ ಕಲ್ಲಿನದೇ. ನೀರು ಎಷ್ಟು ಕುಡಿದರೂ ಪಿತ್ತಕೋಶದ ಕಲ್ಲು ಮೂತ್ರದಲ್ಲಿ ಹೋಗಲಾರದು. ಆ ಚೀಲಕ್ಕೂ ಮೂತ್ರಕ್ಕೂ ಸಂಬಂಧವೇ ಇಲ್ಲ.

ಕಛೇರಿಯ ಮಿತ್ರರೊಬ್ಬರು ಮೊಬೈಲಿನಲ್ಲಿ ಬಂದ ಇನ್ನೊಂದು ಉಪಾಯ ತೋರಿಸಿದರು: ರಾತ್ರಿ ಬಟ್ಟಲು ತುಂಬ ಆಲಿವ್ ಎಣ್ಣೆ, ನಿಂಬೆರಸ ಕುಡಿದರೆ ಬೆಳಿಗ್ಗೆ ಹಸಿರು ಕಲ್ಲುಗಳು ಬೀಳುತ್ತವೆಯಂತೆ. ಬೀಳುವುದು ನಿಜ. ಆದರೆ ಅವು ಹೊಟ್ಟೆಯಲ್ಲಿ ಆ ಎಣ್ಣೆಯೇ ಸಾಬೂನಿನಂತೆ ಗಟ್ಟಿಯಾದ ಉಂಡೆಗಳೆಂದು ಪ್ರಯೋಗಶಾಲೆಯಲ್ಲಿ ಪರೀಕ್ಷಿಸಿದವರು ತೋರಿಸಿದ್ದಾರೆ. ಕಲ್ಲಿರುವ ಚೀಲಕ್ಕೆ ಬಟ್ಟಲು ಎಣ್ಣೆ ಕುಡಿಸುವುದೆಂದರೆ ನೋವನ್ನು ಮನೆಗೆ ಕರೆದಂತೆ. ಕೊಲೆಸ್ಟರಾಲಿನ ಸಣ್ಣ ಕಲ್ಲುಗಳನ್ನು ಕರಗಿಸುವ ಗುಳಿಗೆ ಒಂದುಂಟು. ತಿಂಗಳುಗಟ್ಟಲೆ ನುಂಗಬೇಕು, ಕೆಲವರಿಗೆ ಮಾತ್ರ ಹಿಡಿಸುತ್ತದೆ, ನಿಲ್ಲಿಸಿದ ಮೇಲೆ ಕಲ್ಲು ಮತ್ತೆ ಕಟ್ಟುವುದುಂಟು. ನಮ್ಮ ತಾಯಿಯ ಸ್ಥಿತಿಯಲ್ಲಿ ಅದರ ಮಾತೇ ಇರಲಿಲ್ಲ.

ಇಲ್ಲಿ ಒಂದು ಮಾತನ್ನು ಸ್ಪಷ್ಟಪಡಿಸಬೇಕು. ಕಲ್ಲಿದ್ದವರಿಗೆಲ್ಲ ಶಸ್ತ್ರಕ್ರಿಯೆ ಬೇಕಿಲ್ಲ. ಬೇರೆ ಯಾವುದೋ ಪರೀಕ್ಷೆಯಲ್ಲಿ ಆಕಸ್ಮಿಕವಾಗಿ ಕಂಡ, ಎಂದೂ ನೋವು ಕೊಡದ ಕಲ್ಲನ್ನು ಸಾಮಾನ್ಯವಾಗಿ ಹಾಗೆಯೇ ಬಿಟ್ಟು ಗಮನಿಸುತ್ತಾರೆ. ಅಂಥವರಲ್ಲಿ ಬಹುಪಾಲು ಜನ ಕೊನೆಯವರೆಗೂ ನೆಮ್ಮದಿಯಾಗಿರುತ್ತಾರೆ. ನೋವು ಕೊಟ್ಟ ಕಲ್ಲಿನ ಸಂಗತಿ ಬೇರೆ. ಅದು ಮತ್ತೆ ನೋವು ಕೊಡುವ ಸಂಭವ ಹೆಚ್ಚು. ಕೆಳಗಿನ ನಾಳಕ್ಕೆ ಜಾರಿದರೆ ಕಾಮಾಲೆ, ಮೇದೋಜೀರಕ ಗ್ರಂಥಿಯ ಉರಿಯೂತ ಮುಂತಾದ ಪ್ರಾಣಾಂತಿಕ ತೊಂದರೆಗಳು ಬರಬಹುದು.

ಕಾಶಿಯಲ್ಲಿರುವವರು ತಿಳಿದಿರಬೇಕಾದ ಇನ್ನೊಂದು ಸಂಗತಿಯಿದೆ. ೧೯೬೮ರಲ್ಲಿ ಎಸ್. ಎಲ್. ಮಲ್ಹೋತ್ರ ಎಂಬ ರೈಲ್ವೆ ವೈದ್ಯಾಧಿಕಾರಿಗಳು ದೇಶದ ರೈಲ್ವೆ ನೌಕರರ ಕಾಯಿಲೆಗಳನ್ನು ಲೆಕ್ಕಹಾಕಿ, ಪಿತ್ತಕೋಶದ ಕಲ್ಲು ದಕ್ಷಿಣದವರಿಗಿಂತ ಉತ್ತರದವರಲ್ಲಿ ಏಳು ಪಟ್ಟು ಹೆಚ್ಚೆಂದು ಪ್ರಕಟಿಸಿದರು. ಸರ್ಕಾರಿ ದಾಖಲೆಗಳಿಂದಲೂ ಇಷ್ಟು ಒಳ್ಳೆಯ ಕೆಲಸ ಆಗುತ್ತದೆಂದು ಓದಿ ಗುಮಾಸ್ತರಾದ ನಮಗೆ ಸ್ವಲ್ಪ ಹೆಮ್ಮೆಯೇ ಆಯಿತು. ಕಲ್ಲಿನ ಮಾತು ಹಾಗಿರಲಿ, ಪಿತ್ತಕೋಶದ ಕ್ಯಾನ್ಸರ್ ಎಂಬ ರೋಗ ಪ್ರಪಂಚದ ಹೆಚ್ಚಿನ ಕಡೆಗಳಲ್ಲಿ ಅಪರೂಪ. ದಕ್ಷಿಣ ಅಮೆರಿಕದ ಚಿಲಿ ದೇಶ ಮತ್ತು ನಮ್ಮ ಗಂಗಾ ಬಯಲು, ಇವೆರಡೂ ಅದು ಅತಿಯಾಗಿ ಕಾಣುವ ಸ್ಥಳಗಳಲ್ಲಿ ಸೇರಿವೆ. ಅದರಲ್ಲಿಯೂ ಹೆಂಗಸರಲ್ಲಿ ಹೆಚ್ಚು. ಕಾಶೀ ಹಿಂದೂ ವಿಶ್ವವಿದ್ಯಾಲಯದ ವೈದ್ಯರು ದಶಕಗಳಿಂದ ಈ ವಿಷಯದಲ್ಲಿ ಸಂಶೋಧನೆ ನಡೆಸಿಕೊಂಡು ಬಂದಿದ್ದಾರೆ. ಬಹುಕಾಲದ ಕಲ್ಲು, ಟೈಫಾಯಿಡಿನ ಕ್ರಿಮಿ ಪಿತ್ತಕೋಶದಲ್ಲಿ ನೆಲೆ ನಿಲ್ಲುವುದು, ನೀರು ಮಣ್ಣಿನ ಲೋಹಗಳು, ಕಲಬೆರಕೆಯ ಸಾಸಿವೆ ಎಣ್ಣೆ, ಹೀಗೆ ಹಲವು ಕಾರಣಗಳನ್ನು ಶೋಧಿಸಿದ್ದಾರೆ. ೨೦೧೯ರಲ್ಲಿ ಟಾಟಾ ಸ್ಮಾರಕ ಕೇಂದ್ರದ ಆಡಳಿತದ ಎರಡು ಕ್ಯಾನ್ಸರ್ ಆಸ್ಪತ್ರೆಗಳು ಈ ನಗರದಲ್ಲಿ ಉದ್ಘಾಟನೆಯಾದವು. ಕಲ್ಲಿರುವ ಬಹುಮಂದಿಗೆ ಈ ರೋಗ ಬರುವುದಿಲ್ಲವೆಂಬುದನ್ನೂ ಇಲ್ಲಿ ಒತ್ತಿ ಹೇಳಬೇಕು. ಹೆದರಿಸುವುದು ನಮ್ಮ ಉದ್ದೇಶವಲ್ಲ. ಆದರೆ ತಾಯಿಯ ಚೀಲದ ಗೋಡೆ “ದಪ್ಪಗಾಗಿದೆ” ಎಂಬ ಒಂದು ಶಬ್ದ ಆ ಆರು ವಾರ ನಮ್ಮ ನಿದ್ರೆಯನ್ನು ಕೆಡಿಸಿತು. ಬರಿಯ ಉರಿಯೂತದಿಂದಲೂ ದಪ್ಪವಾಗುತ್ತದೆ, ತೆಗೆದು ಪರೀಕ್ಷಿಸಿದ ಮೇಲೆಯೇ ಖಚಿತವೆಂದರು ಶಸ್ತ್ರವೈದ್ಯರು. ತಾಯಿಗೆ ಇದನ್ನು ನಾವು ಹೇಳಲಿಲ್ಲ.

ಅವರ ಚಿಂತೆ ಬೇರೆಯೇ ಇದ್ದಿತು. ಮೊದಲನೆಯದಾಗಿ ಆ ಹೆಸರು. ಇಲ್ಲಿಯವರು ‘ಪಿತ್ತ ಕೀ ಥೈಲಿ’ ಎನ್ನುತ್ತಾರೆ. ನಮ್ಮ ಕಡೆ ಪಿತ್ತವೆಂದರೆ ತಲೆಸುತ್ತು, ಬಾಯಿಕಹಿ; ಮೀರಿದರೆ ನೆತ್ತಿಗೇರುವಂಥದು. “ಪಿತ್ತಕ್ಕ ಲಿಂಬಿಹಣ್ಣು ಸಾಕಲ್ಲೋ, ಹೊಟ್ಟಿ ಕೊಯ್ಯೂದು ಯಾಕ?” ಎಂದರು. ಚೀಲದ ಚಿತ್ರ ಬರೆದು ತೋರಿಸಿದ ಮೇಲೆ ಎರಡನೆಯ ಪ್ರಶ್ನೆ ಬಂದಿತು: “ದೇವರು ಕೊಟ್ಟಿದ್ದು ತಗದ ಒಗದ್ರ ಉಂಡದ್ದು ಹ್ಯಾಂಗ ಅರಗಬೇಕು?”

ಇದಕ್ಕೆ ನಾವು ಹೊಲದ ಭಾಷೆಯಲ್ಲಿ ಉತ್ತರ ಕೊಟ್ಟೆವು. ಯಕೃತ್ತು ಬಾವಿ, ಪಿತ್ತಕೋಶ ನಡುವೆ ಕಟ್ಟಿದ ತೊಟ್ಟಿ, ನಾಳ ಕಾಲುವೆ. ತೊಟ್ಟಿ ತೆಗೆದರೆ ಬಾವಿಯ ನೀರು ನೇರವಾಗಿ ಕಾಲುವೆಗೆ ಹರಿಯುತ್ತದೆ. ಒಮ್ಮೆಲೆ ರಭಸವಾಗಿ ಬಿಡಲು ಆಗುವುದಿಲ್ಲ, ಸಣ್ಣಗೆ ಸದಾ ಹರಿಯುತ್ತದೆ, ಅಷ್ಟೇ ವ್ಯತ್ಯಾಸ. ಕುದುರೆಗೆ, ಒಂಟೆಗೆ, ಆನೆಗೆ ಹುಟ್ಟಿನಿಂದಲೇ ಪಿತ್ತಕೋಶವಿಲ್ಲ. ಆನೆಯ ಮಾತು ತಾಯಿಗೆ ಬಹಳ ಹಿಡಿಸಿತು. ಆ ದಿನದಿಂದ ವಿರೋಧ ಕಡಿಮೆಯಾಯಿತು.

ಮನುಷ್ಯನ ಪಿತ್ತಕೋಶವನ್ನು ಮೊಟ್ಟಮೊದಲು ತೆಗೆದದ್ದು ೧೮೮೨ರ ಜುಲೈ ೧೫ರಂದು, ಬರ್ಲಿನ್ನಿನಲ್ಲಿ, ಕಾರ್ಲ್ ಲಾಂಗೆನ್‌ಬುಖ್ ಎಂಬ ಶಸ್ತ್ರವೈದ್ಯ. ಅಲ್ಲಿಯವರೆಗೆ ಹೊಟ್ಟೆ ತೆರೆದರೂ ಕಲ್ಲನ್ನು ಮಾತ್ರ ತೆಗೆದು ಚೀಲವನ್ನು ಉಳಿಸುತ್ತಿದ್ದರು. ಮತ್ತೆ ಕಲ್ಲು ಕಟ್ಟುತ್ತಿದ್ದಿತು. ಕಲ್ಲು ಕಟ್ಟುವ ಮನೆಯನ್ನೇ ತೆಗೆಯಬೇಕೆಂಬುದು ಅವನ ವಾದ. ನೂರು ವರ್ಷ ಇದು ಪಕ್ಕೆಲುಬಿನ ಕೆಳಗೆ ಗೇಣುದ್ದ ಕೊಯ್ದು ಮಾಡುವ ಶಸ್ತ್ರಕ್ರಿಯೆಯಾಗಿದ್ದಿತು. ೧೯೮೫ರಲ್ಲಿ ಜರ್ಮನಿಯ ಏರಿಖ್ ಮ್ಯೂಹೆ ಮೊದಲ ಬಾರಿಗೆ ಸಣ್ಣ ರಂಧ್ರಗಳಲ್ಲಿ ದುರ್ಬೀನು ತೂರಿಸಿ ಚೀಲವನ್ನು ತೆಗೆದಾಗ ಅವನ ದೇಶದ ವೈದ್ಯರೇ ನಕ್ಕರಂತೆ. ನಮ್ಮ ದೇಶದಲ್ಲಿ ಡಾ. ತೆಹಮ್‌ಟನ್ ಉದ್ವಾಡಿಯಾ ಅವರು ೧೯೯೦ರಲ್ಲಿ ಮುಂಬಯಿಯ ಜೆ. ಜೆ. ಆಸ್ಪತ್ರೆಯಲ್ಲಿ ಇದನ್ನು ಮೊದಲು ಮಾಡಿದರು. ಕಾಶಿಯ ಜನ ಇಂದಿಗೂ ‘ದೂರ್‌ಬೀನ್ ವಾಲಾ ಆಪರೇಷನ್’ ಎಂದೇ ಹೇಳುತ್ತಾರೆ. ಲ್ಯಾಪರೊಸ್ಕೋಪಿ ಎಂಬ ಉದ್ದ ಹೆಸರಿಗಿಂತ ಅದೇ ವಾಸಿ. ತಾಯಿಗೂ ದುರ್ಬೀನು ಗೊತ್ತಿದ್ದಿತು.

ಮಾರ್ಚಿಯಲ್ಲಿ ದಿನ ಗೊತ್ತಾಯಿತು. ಹಿಂದಿನ ದಿನ ಒಪ್ಪಿಗೆಯ ಪತ್ರ ಮುಂದಿಟ್ಟರು. ಹಿಂದಿಯಲ್ಲಿದ್ದ ಆ ಪತ್ರಕ್ಕೆ ತಾಯಿಯ ಹೆಬ್ಬೆಟ್ಟು ಒತ್ತಿಸುವುದು ಸುಲಭವಾಗಿದ್ದಿತು. ಎಂಟು ತಿಂಗಳ ಪಾಠ ಕಲಿತಿದ್ದ ನಾವು ಈ ಸಲ ಸಂಕ್ಷೇಪ ಮಾಡಲಿಲ್ಲ. ಒಂದೊಂದು ಸಾಲನ್ನೂ ಕನ್ನಡದಲ್ಲಿ ಓದಿ ಹೇಳಿದೆವು. ಪೂರ್ಣ ಅರಿವಳಿಕೆ ಕೊಡುತ್ತಾರೆ. ದುರ್ಬೀನಿನಲ್ಲಿ ಸುರಕ್ಷಿತವಾಗಿ ಆಗದಿದ್ದರೆ ಹೊಟ್ಟೆಯನ್ನು ಕೊಯ್ದೇ ಮಾಡಬೇಕಾಗಬಹುದು. ಇದನ್ನು ಸೋಲೆಂದು ತಿಳಿಯಬಾರದು. ಹಟ ಹಿಡಿಯದೆ ಕೊಯ್ಯಲು ನಿರ್ಧರಿಸುವ ವೈದ್ಯನೇ ಜಾಣ. ಪಿತ್ತದ ಮುಖ್ಯ ನಾಳಕ್ಕೆ ಪೆಟ್ಟಾಗುವ ಅಪಾಯ ಸಾವಿರಕ್ಕೆ ಮೂರು ನಾಲ್ಕು ಜನರಲ್ಲಿ ಉಂಟು. ತಾಯಿ ಎಲ್ಲವನ್ನೂ ಕೇಳಿ, “ಸಾವಿರಕ್ಕ ಮೂರು ಅಂದ್ರ ನಮ್ಮೂರಿನ ಬಸ್ಸಿಗಿಂತ ವಾಸಿ ಬಿಡು” ಎಂದು ಹೆಬ್ಬೆಟ್ಟು ಒತ್ತಿದರು.

ಇನ್ನೊಂದು ತೊಡಕು ಬಂದಿತು. ಶಸ್ತ್ರಕ್ರಿಯೆಯಲ್ಲಿ ವಿದ್ಯುತ್ತಿನ ಉಪಕರಣ ಬಳಸುವುದರಿಂದ ಮೈಮೇಲೆ ಲೋಹ ಇರಕೂಡದೆಂದು ದಾದಿ ಹೇಳಿದರು. ಕೊರಳಲ್ಲಿದ್ದ ಇಷ್ಟಲಿಂಗದ ಕರಡಿಗೆ ಬೆಳ್ಳಿಯದು. ತಾಯಿ ಅದನ್ನು ಬಿಚ್ಚಿಕೊಡಲು ಒಪ್ಪಲಿಲ್ಲ. ಕಣ್ಣಲ್ಲಿ ನೀರು ತಂದುಕೊಂಡರು. ಅರಿವಳಿಕೆಯ ಡಾಕ್ಟರರಿಗೆ ವಿಷಯ ತಿಳಿಸಿದಾಗ, ಕರಡಿಗೆಯನ್ನು ಮಾತ್ರ ತೆಗೆದಿಟ್ಟು ಲಿಂಗವನ್ನು ಒಗೆದ ಬಟ್ಟೆಯಲ್ಲಿ ಸುತ್ತಿ ಎಡತೋಳಿಗೆ ಕಟ್ಟಲು ಅನುಮತಿ ಕೊಟ್ಟರು. ಇಂಥದನ್ನು ಹಿಂದಿನ ದಿನವೇ ಕೇಳಿಕೊಳ್ಳುವುದು ಮೇಲು. ಬೆಳಗಿನ ಏಳು ಗಂಟೆಗೆ ಗಾಲಿಮಂಚದ ಬಳಿ ನಿಂತು ವಾದಿಸುವುದು ಯಾರಿಗೂ ಒಳ್ಳೆಯದಲ್ಲ.

ಒಳಗೆ ನಡೆದುದನ್ನು ಆಮೇಲೆ ಕೇಳಿ ತಿಳಿದದ್ದು. ಹೊಕ್ಕಳ ಬಳಿ ಒಂದು, ಮೇಲೆ ಮೂರು, ಹೀಗೆ ನಾಲ್ಕು ಸಣ್ಣ ರಂಧ್ರಗಳು. ಹೊಟ್ಟೆಯೊಳಗೆ ಇಂಗಾಲದ ಡೈಆಕ್ಸೈಡ್ ಅನಿಲ ತುಂಬಿ ಗುಡಾರದಂತೆ ಎತ್ತಿ ಜಾಗ ಮಾಡಿಕೊಳ್ಳುತ್ತಾರೆ. ಚೀಲದ ನಾಳವನ್ನೂ ರಕ್ತನಾಳವನ್ನೂ ಬೇರೆ ಬೇರೆಯಾಗಿ ಗುರುತಿಸಿ, ಇವೇ ಎಂದು ಖಚಿತಮಾಡಿಕೊಂಡ ಮೇಲೆ ಪುಟ್ಟ ಲೋಹದ ಕ್ಲಿಪ್ಪು ಹಾಕಿ ಕತ್ತರಿಸುತ್ತಾರೆ. ಯಕೃತ್ತಿನಿಂದ ಚೀಲವನ್ನು ಬಿಡಿಸಿ ಹೊಕ್ಕಳ ರಂಧ್ರದಿಂದ ಹೊರತೆಗೆಯುತ್ತಾರೆ. ಹಳೆಯ ಉರಿಯೂತದಿಂದ ಎಲ್ಲ ಅಂಟಿಕೊಂಡಿದ್ದರಿಂದ ಮುಕ್ಕಾಲು ಗಂಟೆಯ ಕೆಲಸ ಎರಡು ಗಂಟೆ ಹಿಡಿಯಿತು. ಆ ಎಂಟು ತಿಂಗಳ ಬಡ್ಡಿ ಅದು.

ಸಂಜೆಗೆ ಎಚ್ಚರವಾದಾಗ ತಾಯಿ ದೂರಿದ್ದು ಹೊಟ್ಟೆಯ ನೋವನ್ನಲ್ಲ, ಬಲಹೆಗಲಿನ ನೋವನ್ನು. ಹಳೆಯದೇ ಮರಳಿ ಬಂತೆಂದು ನಾವು ಗಾಬರಿಯಾದೆವು. ಉಳಿದ ಅನಿಲ ವಪೆಯನ್ನು ಕೆರಳಿಸಿದಾಗ ಹೆಗಲು ನೋಯುವುದು ಸಹಜವೆಂದೂ, ಎದ್ದು ನಡೆದಾಡಿದರೆ ಒಂದೆರಡು ದಿನದಲ್ಲಿ ಹೋಗುವುದೆಂದೂ ಹೇಳಿದರು. ಅಂದು ರಾತ್ರಿಯೇ ಕೈಹಿಡಿದು ನಾಲ್ಕು ಹೆಜ್ಜೆ ನಡೆಸಿದರು. ಗುಟುಕು ಗುಟುಕಾಗಿ ನೀರು; ಮರುದಿನ ಗಂಜಿ, ಇಡ್ಲಿ; ಮೂರನೆಯ ದಿನ ಮನೆ.

ಮನೆಯ ಆರೈಕೆಯಲ್ಲಿ ನಮ್ಮ ಮನೆಯವರೇ ಮುಖ್ಯರು, ಅವರ ಅನುಭವವನ್ನು ಅವರ ಮಾತಿನಲ್ಲೇ ಹೇಳುವುದಾದರೆ, “ಮಲಗಿಸಿ ಕೂಡಸೂದಕ್ಕಿಂತ ಎಬ್ಬಿಸಿ ತಿರುಗಾಡಸೂದೇ ಕಷ್ಟ.” ನೋಡಲು ಬಂದವರೆಲ್ಲ ಒಂದು ತಿಂಗಳು ಹಾಸಿಗೆ ಬಿಡಬಾರದೆಂದು ವಿಧಿಸಿಹೋಗುತ್ತಿದ್ದರು. ವೈದ್ಯರು ಹೇಳಿದ್ದು ತದ್ವಿರುದ್ಧ: ದಿನವೂ ನಡೆಯಬೇಕು, ಮೆಟ್ಟಿಲನ್ನು ನಿಧಾನವಾಗಿ ಹತ್ತಬಹುದು, ತುಂಬಿದ ಕೊಡವನ್ನು ಮಾತ್ರ ಒಂದೂವರೆ ತಿಂಗಳು ಎತ್ತಬಾರದು. ಕೆಮ್ಮು ಬಂದರೆ ದಿಂಬನ್ನು ಹೊಟ್ಟೆಗೆ ಒತ್ತಿಕೊಂಡು ಕೆಮ್ಮಬೇಕು. ದುರ್ಬೀನಿನ ಶಸ್ತ್ರಕ್ರಿಯೆಯಾದವರು ಸಾಮಾನ್ಯವಾಗಿ ಒಂದೆರಡು ವಾರದಲ್ಲಿ ಹಗುರ ಕೆಲಸಕ್ಕೆ ಮರಳುತ್ತಾರೆ. ಹೊಟ್ಟೆ ಕೊಯ್ದಿದ್ದರೆ ನಾಲ್ಕರಿಂದ ಆರು ವಾರ ಬೇಕು.

ಊಟದ ವಿಷಯದಲ್ಲಿ ಜನ ಜೀವಮಾನದ ಪಥ್ಯವನ್ನೇ ಹೇರುತ್ತಾರೆ. ಅದು ಬೇಕಿಲ್ಲ. ಮೊದಲ ಕೆಲವು ವಾರ ಎಣ್ಣೆ ತುಪ್ಪ ಕಡಿಮೆ ಮಾಡಿ, ಸ್ವಲ್ಪಸ್ವಲ್ಪವಾಗಿ ನಾಲ್ಕೈದು ಸಲ ಉಣ್ಣುವುದು ಒಳ್ಳೆಯದು. ನಮ್ಮ ಮನೆಯಲ್ಲಿ ಮೆತ್ತಗಿನ ಅನ್ನ, ತಿಳಿಸಾರು, ಕೆನೆ ತೆಗೆದ ಮಜ್ಜಿಗೆ, ಎರಡನೆಯ ವಾರದಿಂದ ಜೋಳದ ರೊಟ್ಟಿ, ಬೇಯಿಸಿದ ಪಲ್ಯ ಆಯಿತು. ಹತ್ತನೆಯ ದಿನದಿಂದ ನಾಲ್ಕಾರು ದಿನ ಭೇದಿಯಾಯಿತು. ಪಿತ್ತರಸ ಕರುಳಿಗೆ ಸದಾ ಹರಿಯುವುದರಿಂದ ಕೆಲವರಿಗೆ ಹೀಗಾಗುತ್ತದೆ. ಬಹುಮಂದಿಗೆ ತಾನಾಗಿ ಸರಿಹೋಗುತ್ತದೆ, ಹೋಗದಿದ್ದರೆ ಔಷಧವಿದೆ. ಎರಡು ತಿಂಗಳ ಮೇಲೆ ತಾಯಿ ಎಣ್ಣೆಗಾಯಿ ತಿಂದರು. ಏನೂ ಆಗಲಿಲ್ಲ. ಆದರೆ ಜ್ವರ, ಕಣ್ಣು ಹಳದಿಯಾಗುವುದು, ಮೂತ್ರ ಕಪ್ಪಾಗಿ ಮಲ ಬಿಳುಪಾಗುವು‍ದು, ಏರುತ್ತಲೇ ಹೋಗುವ ಹೊಟ್ಟೆನೋವು, ನಿಲ್ಲದ ವಾಂತಿ, ಗಾಯದಿಂದ ಕೀವು, ಇವುಗಳಲ್ಲಿ ಒಂದು ಕಂಡರೂ ಬೆಳಗಾಗಲೆಂದು ಕಾಯದೆ ಆಸ್ಪತ್ರೆಗೆ ಹೋಗತಕ್ಕದ್ದು.

ಖರ್ಚಿಗೆ ನಮ್ಮ ಕಛೇರಿಯಿಂದ ಹಣ ಮರಳಿ ಬಂದಿತು. ಅಂಥ ಅನುಕೂಲವಿಲ್ಲದವರು ೨೦೧೮ರಲ್ಲಿ ಆರಂಭವಾದ ಆಯುಷ್ಮಾನ್ ಭಾರತ ಯೋಜನೆಗೆ ತಾವು ಅರ್ಹರೇ ಎಂದು ವಿಚಾರಿಸಬಹುದು. ಈ ಶಸ್ತ್ರಕ್ರಿಯೆ ಅದರಲ್ಲಿ ಸೇರಿದೆ. ಕುಟುಂಬಕ್ಕೆ ವರ್ಷಕ್ಕೆ ೫ ಲಕ್ಷ ರೂಪಾಯಿವರೆಗೆ ಸೌಲಭ್ಯವುಂಟು. ೭೦ ವರ್ಷ ದಾಟಿದ ಎಲ್ಲರಿಗೂ ೨೦೨೪ರ ಅಕ್ಟೋಬರಿನಿಂದ ಅದನ್ನು ವಿಸ್ತರಿಸಿದ್ದಾರೆ.

ಇನ್ನು ನಮ್ಮ ಎರಡನೆಯ ತಪ್ಪು. ಶಸ್ತ್ರಕ್ರಿಯೆ ಮುಗಿದೊಡನೆ ತೆಗೆದ ಕಲ್ಲುಗಳನ್ನು ಸಣ್ಣ ಸೀಸೆಯಲ್ಲಿ ಹಾಕಿ ಕೊಟ್ಟಿದ್ದರು. ಕಡಲೆಕಾಳಿನಂಥವು, ಹಸಿರು ಕಂದು ಬಣ್ಣ, ಹನ್ನೊಂದು. ನೆಂಟರು ಇಷ್ಟರು ಬಂದವರೆಲ್ಲ ಸೀಸೆಯನ್ನು ಅಲುಗಾಡಿಸಿ ನೋಡಿದರು. ಚೀಲ ಏನಾಯಿತೆಂದು ಒಬ್ಬರೂ ಕೇಳಲಿಲ್ಲ. ಅದನ್ನು ದ್ರಾವಣದಲ್ಲಿ ಮುಳುಗಿಸಿದ ಡಬ್ಬಿ, ಜೊತೆಗೊಂದು ಚೀಟಿ ನಮ್ಮ ಕೈಗೇ ಬಂದಿದ್ದವು. ಪ್ರಯೋಗಶಾಲೆಗೆ ಒಯ್ದು ಕೊಟ್ಟು ರಸೀತಿ ಪಡೆದು ಅಂಗಿಯ ಜೇಬಿಗೆ ಹಾಕಿಕೊಂಡೆವು. ಹತ್ತು ದಿನದ ಮೇಲೆ ವರದಿ ಎಂದಿದ್ದರು. ಕಡತ ಜೋಡಿಸುವುದೇ ಕಸುಬಾದ ನಾವು ಬಿಲ್ಲು, ಔಷಧದ ಚೀಟಿ, ಬಿಡುಗಡೆಯ ಪತ್ರ ಎಲ್ಲವನ್ನೂ ಕ್ರಮವಾಗಿ ಜೋಡಿಸಿ ಹಣಕ್ಕೆ ಅರ್ಜಿ ಹಾಕಿದೆವು. ಅಂಗಿ ಧೋಬಿಗೆ ಹೋಯಿತು. ತಾಯಿ ಗೆಲುವಾಗಿದ್ದರು, ಹೆದರಿಕೆ ತಾನಾಗಿ ಮರೆಯಾಯಿತು, ಅದರೊಡನೆ ರಸೀತಿಯೂ.

ಮೂರು ವಾರದ ಮೇಲೆ ಗಾಯ ತೋರಿಸಲು ಹೋದಾಗ ಶಸ್ತ್ರವೈದ್ಯರು ಗಾಯದ ಕಡೆ ಒಮ್ಮೆ ನೋಡಿ ಕೈಚಾಚಿದರು: “ಚೀಲದ ವರದಿ?” ಹಣವನ್ನು ತಂದುಕೊಡುವ ಕಾಗದಗಳೆಲ್ಲ ನಮ್ಮ ಬಳಿ ಇದ್ದವು. ಅದೊಂದಿರಲಿಲ್ಲ. ಅವರು ಗದರಲಿಲ್ಲ. ಹೊರಗೆ ಅದೃಷ್ಟವಶಾತ್ ಏನೂ ಕಾಣದ ಚೀಲದಲ್ಲಿಯೂ ಒಮ್ಮೊಮ್ಮೆ ಸೂಕ್ಷ್ಮದರ್ಶಕದ ಕೆಳಗೆ ಕ್ಯಾನ್ಸರು ಸಿಕ್ಕುವುದುಂಟು, ಹಾಗೆ ಎಳೆಯದರಲ್ಲೇ ಸಿಕ್ಕಿದ್ದಕ್ಕೆ ಚಿಕಿತ್ಸೆಯುಂಟು, ಈ ಪ್ರಾಂತದಲ್ಲಿ ಆ ಕಾಗದವನ್ನು ಓದದೆ ಶಸ್ತ್ರಕ್ರಿಯೆ ಮುಗಿಯಿತೆಂದು ತಾವು ಹೇಳುವುದಿಲ್ಲ ಎಂದರು.

ನೇರವಾಗಿ ಪ್ರಯೋಗಶಾಲೆಗೆ ಓಡಿದೆವು. ರಸೀತಿಯ ಸಂಖ್ಯೆಯಿಲ್ಲದೆ ಹುಡುಕುವುದು ಕಷ್ಟವೆಂದು ಕಿಟಕಿಯೊಳಗಿನ ಗುಮಾಸ್ತರು ಹೇಳಿದರು. ನಾವೂ ಆ ವರ್ಗದವರೇ ಎಂದು ತಿಳಿದ ಮೇಲೆ ಕನ್ನಡಕ ಏರಿಸಿ ತಾರೀಖಿನ ಪ್ರಕಾರ ದಫ್ತರು ತೆರೆದರು. ಬೀರುವಿನಿಂದ ಹುರಿದಾರ ಕಟ್ಟಿದ ಲಕೋಟೆಗಳ ಒಂದು ದಪ್ಪ ಕಟ್ಟನ್ನು ಇಳಿಸಿ, ಧೂಳು ಊದಿ, ಒಂದೊಂದಾಗಿ ಹೆಸರು ಓದತೊಡಗಿದರು. ಯಾವ ಕಟ್ಟು ಇದೆಂದು ಕೇಳಿದೆವು. “ಯಾರೂ ಬಂದು ಒಯ್ಯದವು” ಎಂದರು. ಕೆಲವು ಲಕೋಟೆಗಳ ಅಂಚು ಹಳದಿಯಾಗಿದ್ದಿತು.

ನಮ್ಮದು ಸಿಕ್ಕಿತು. ಅಲ್ಲಿಯೇ ಬೆಂಚಿನ ಮೇಲೆ ಕುಳಿತು ಒಡೆದೆವು. ಅರ್ಧ ಪುಟದ ವರದಿಯಲ್ಲಿ ನಮಗೆ ಬೇಕಾದ ಸಾಲು ಕೊನೆಯಲ್ಲಿದ್ದಿತು: ಬಹುಕಾಲದ ಉರಿಯೂತ, ಕ್ಯಾನ್ಸರಿನ ಲಕ್ಷಣವಿಲ್ಲ. ಎರಡು ಸಲ ಓದಿಕೊಂಡು, ವೈದ್ಯರಿಗೆ ತೋರಿಸಿ, ಅವರ ಸಹಿ ಮಾಡಿಸಿ ಮನೆಗೆ ಬಂದ ಮೇಲೆಯೇ ತಾಯಿಗೆ ಎಲ್ಲವನ್ನೂ ಹೇಳಿದೆವು. ಅವರು ಸುಮ್ಮನೆ ಕೇಳಿ, “ಆ ಕಟ್ಟಿನ್ಯಾಗಿದ್ದ ಉಳಿದ ಮಂದಿಗಿ ಯಾರು ಹೇಳತಾರ?” ಎಂದರು. ನಮ್ಮಲ್ಲಿ ಉತ್ತರವಿರಲಿಲ್ಲ.

ಕಲ್ಲಿನ ಸೀಸೆ ಈಗಲೂ ಅಡಿಗೆಮನೆಯ ಗೂಡಿನಲ್ಲಿದೆ. ಊರ ಕಡೆಯ ಯಾತ್ರಿಕ ಹೆಂಗಸರು ನಮ್ಮಲ್ಲಿಗೆ ಬಂದು ಮಾತಿನ ನಡುವೆ “ರಾತ್ರಿ ಆತಂದ್ರ ಗ್ಯಾಸ್ ಆಗತೈತವ್ವಾ” ಎಂದರೆ ಸಾಕು, ತಾಯಿ ಚಹದ ಬಟ್ಟಲನ್ನು ಕೆಳಗಿಟ್ಟು ಹತ್ತಿರ ಸರಿಯುತ್ತಾರೆ. “ಬೆನ್ನಿಗಿ ಹೊಡಿತೈತೇನು? ಬಲಗಡೆ ಹೆಗಲಿಗಿ ಏರತೈತೇನು?” ಎಂದು ಕೇಳುತ್ತಾರೆ. ಹೌದೆಂದರೆ ಸೀಸೆಯನ್ನು ತೆಗೆದು ತೋರಿಸುತ್ತಾರೆ.